ಐದನೆಯ ಬಾಗಿಲು

ಈ ಫ್ಯಾನು ಯಾವಾಗ ನಿಂತಿತು, ಎಂದು ಅವನು ಗಟ್ಟಿಯಾಗಿಯೇ ಕೇಳಿದ, ಉತ್ತರ ಹೇಳಲು ಕೋಣೆಯಲ್ಲಿ ಯಾರೂ ಇರಲಿಲ್ಲ, ಒಂದು ಮೇಜು, ಮೂರು ಫೋನು, ಈ ಕುರ್ಚಿಯಲ್ಲಿ ತನಗಿಂತ ಮೊದಲು ಕೂತಿದ್ದ ಎಂಟು ಪ್ರಧಾನಿಗಳ ಪಟ, ಪಟದಲ್ಲಿರುವವರು ಬದುಕಿದ್ದಾಗಲೂ ಕೇಳಿದ್ದಕ್ಕೆ ನೆಟ್ಟಗೆ ಉತ್ತರ ಕೊಟ್ಟವರಲ್ಲ, ಈಗೇನು ಕೊಟ್ಟಾರು — ಸದ್ದು ನಿಂತ ಮೇಲೆಯೇ ಇಷ್ಟು ದಿನ ಸದ್ದಿತ್ತು ಅಂತ ತಿಳಿಯುವುದು, ಒಂದು ರೆಕ್ಕೆ ಚೂರು ಬಾಗಿ ಕಟಕ್ ಕಟಕ್ ಎನ್ನುತ್ತಿತ್ತು, ಸರಿಮಾಡಿಸಬೇಕು ಸರಿಮಾಡಿಸಬೇಕು ಅಂದುಕೊಂಡೇ ಹದಿಮೂರು ವರ್ಷ ಕಳೆಯಿತು, ಒಂದು ದೇಶ ಆಳಿದವನಿಗೆ ಒಂದು ಫ್ಯಾನು ರಿಪೇರಿ ಮಾಡಿಸಲು ಪುರುಸೊತ್ತಾಗಲಿಲ್ಲ, ಈಗ ವಿದ್ಯುತ್ ಕೇಂದ್ರದ ಕೆಲಸಗಾರರೂ ಚೌಕಕ್ಕೆ ಹೋಗಿ ಕೂತಿದ್ದಾರೆ, ಅವರೇ ಸದ್ದು ನಿಲ್ಲಿಸಿಕೊಟ್ಟ ಹಾಗಾಯಿತು. ಮಧ್ಯಾಹ್ನ ಮೂರು ಗಂಟೆ, ಕುತ್ತಿಗೆಪಟ್ಟಿಯ ಒಳಗೆ ಬೆವರು ಇರುವೆಯ ಹಾಗೆ ಇಳಿಯುತ್ತಿದೆ, ಕಿಟಕಿಯಾಚೆ ಎರಡು ಬೀದಿ ದಾಟಿದರೆ ಚೌಕ, ಹದಿನೆಂಟು ದಿನದಿಂದ ಅಲ್ಲಿ ಜನ ಕೂತಿದ್ದಾರೆ, ದಾದಿಯರು, ಮೇಷ್ಟ್ರುಗಳು, ಬಸ್ಸಿನವರು, ಅಂಗಡಿಗೆ ಬೀಗ ಹಾಕಿ ಬಂದವರು, ಫ್ಯಾನು ತಿರುಗುತ್ತಿದ್ದಷ್ಟು ದಿನ ಅವರ ಕೂಗು ಬರೀ ಗದ್ದಲ, ಈಗ ಪದ ಪದವೂ ಬಿಡಿಬಿಡಿಯಾಗಿ ಬಂದು ಮೇಜಿನ ಮೇಲೆ ಬೀಳುತ್ತಿದೆ, ಕಿವಿಯಿದ್ದೂ ಕಿವುಡಪ್ಪ, ಕುರ್ಚಿ ಬಿಟ್ಟು ಇಳಿಯಪ್ಪ, ಕಿವಿಯಿದ್ದೂ ಕಿವುಡಪ್ಪ — ಅವನ ಬೆರಳು ತಾನಾಗಿ ಮೇಜು ತಟ್ಟಿತು, ಎರಡೂ ಸಾಲು ಒಂದೇ ಅಳತೆ, ಸಾವಿರಾರು ಬಾಯಿ ಒಂದೇ ಕಡೆ ಉಸಿರು ತೆಗೆದುಕೊಳ್ಳುತ್ತಿವೆ, ಕಟ್ಟಿದವನು ಯಾರೋ ಕಿವಿಯುಳ್ಳವನು, ತನ್ನನ್ನು ಬೈಯುವ ಪದಕ್ಕೂ ತಾಳ ಹಾಕುವ ಇಂಥ ಮುದುಕನನ್ನು ಏನೆನ್ನಬೇಕು, ಬೆರಳನ್ನು ಮಡಚಿ ಮುಷ್ಟಿಯೊಳಗೆ ಇಟ್ಟುಕೊಂಡ.

ಮೊದಲು ಇದೇ ಜನ ಇಟ್ಟಿದ್ದ ಅಡ್ಡಹೆಸರು ದೊಡ್ಡಕಿವಿ, ಪತ್ರಿಕೆಯವರು ಬರೆದ ಚಿತ್ರದಲ್ಲೆಲ್ಲ ಮುಖಕ್ಕಿಂತ ಕಿವಿಯೇ ದೊಡ್ಡದು, ನಮ್ ದೊಡ್ಡಕಿವಿ ಎಲ್ಲಾನೂ ಕೇಳಿಸ್ಕೋತಾನಪ್ಪ ಅಂತ ಬಸ್ಸಿನಲ್ಲಿ ಮಾತಾಡಿಕೊಳ್ಳುತ್ತಿದ್ದರಂತೆ, ಅದು ಹೊಗಳಿಕೆ, ಯಾಕೆಂದರೆ ಅವನು ಯಾವ ಕಾಗದವನ್ನೂ ಕಣ್ಣಿನಿಂದ ಓದಿ ರುಜು ಹಾಕಿದವನಲ್ಲ, ಸಣ್ಣ ಮಂತ್ರಿಯಾಗಿದ್ದ ಕಾಲದಿಂದ ಇಪ್ಪತ್ತೇಳು ವರ್ಷ ಒಂದೇ ಪದ್ಧತಿ, ಕಾಗದವನ್ನು ಮೊದಲಕ್ಷರದಿಂದ ಕೊನೆಯಕ್ಷರದವರೆಗೆ ಗಟ್ಟಿಯಾಗಿ ಓದಿಸಬೇಕು, ಕಣ್ಣು ಮುಚ್ಚಿ ಕೇಳಬೇಕು, ಸುಳ್ಳಿದ್ದ ಕಡೆ ಓದುವವರ ಉಸಿರು ತೊಡರುತ್ತದೆ, ಅಲ್ಲಿ ತಡೆದು ವಿಚಾರಿಸಬೇಕು, ಓದಿಸದ ಕಾಗದಕ್ಕೆ ರುಜು ಇಲ್ಲ. ಕಲಿಸಿದವಳು ಅಜ್ಜಿ, ಅವಳಿಗೆ ಅಕ್ಷರ ಬಾರದು, ಆದರೆ ಗುಂಡಿ ಹೊಲಿಯುತ್ತ, ಕಾಳು ಸುಲಿಯುತ್ತ, ನಡುಬಾಗಿ ಒಲೆ ಊದುತ್ತ ಪದ್ಯ ಹೇಳುತ್ತಲೇ ಇರುತ್ತಿದ್ದಳು, ಯುದ್ಧಕ್ಕೆ ಹೊರಟ ಅರಸ ತನ್ನ ಅರಮನೆಯ ಏಳು ಬಾಗಿಲು ದಾಟುವ ಪದ್ಯ, ಮೊದಲಿನ ಬಾಗಿಲು ಮರದಾ ಬಾಗಿಲು, ದಾಟಿದನರಸನು ದಾಟಿದನು, ಎರಡನೆ ಬಾಗಿಲು ಕಂಚಿನ ಬಾಗಿಲು, ದಾಟಿದನರಸನು ದಾಟಿದನು, ಹೀಗೆ ನಾಲ್ಕು ಬಾಗಿಲು, ಐದನೆಯದರಲ್ಲಿ ಮಾತ್ರ ಪದ್ಯ ಮುಗ್ಗರಿಸುತ್ತದೆ, ಐದನೆ ಬಾಗಿಲೊಳೊಬ್ಬಳು ನಿಂತಳು, ಕೇಳೆಲೊ ಅರಸನೆ ಕೇಳೆಂದಳು. ಒಮ್ಮೊಮ್ಮೆ ಅಜ್ಜಿ ಬೇಕೆಂದೇ ಐದನೆಯ ಬಾಗಿಲನ್ನು ಬಿಟ್ಟುಬಿಡುವಳು, ನಾಲ್ಕರಿಂದ ಆರಕ್ಕೆ, ಉಸಿರು ಕಡಿಯದೆ, ರಾಗ ಹರಿಯದೆ, ಅವನು ದಾಟಿದನರಸನು ದಾಟಿದನು ಅಂತ ತಲೆದೂಗಿ ಏಳೂ ಮುಗಿಸಿ ಆಕಳಿಸುವಾಗ ಸೂಜಿ ಕೆಳಗಿಟ್ಟು ದಿಟ್ಟಿಸುವಳು, ನುಂಗಿಬಿಟ್ಯಲ್ಲೋ, ಅವಳನ್ನ ಅಲ್ಲೇ ನಿಲ್ಸಿ ಅರಸನ ಹಿಂದೆ ನೀನೂ ದಾಟ್ಬಿಟ್ಯಲ್ಲೋ, ನಾನು ತಪ್ಪು ಹೇಳಿದ್ರೆ ಥಟ್ಟಂತ ಹಿಡೀತೀಯ, ಹೇಳದೇ ಬಿಟ್ಟಿದ್ದನ್ನ ಹಿಡಿ ನೋಡೋಣ, ದೇವರು ಹಂಗೆ ಕಣೋ ಕೇಳೋದು, ಅವನಿಗೆ ಬಿಟ್ಟಿದ್ದೂ ಕೇಳ್ಸುತ್ತೆ. ಎಪ್ಪತ್ತಾರಾಯಿತು, ಈಗಲೂ ಪ್ರಾರ್ಥನೆಗೆ ಕೂತರೆ ಬೇಡಲು ಬಾಯಿ ಬರುವುದಿಲ್ಲ, ಸುಮ್ಮನೆ ಕಿವಿ ಕೊಟ್ಟು ಕೂರುತ್ತಾನೆ, ಏನಾದರೂ ಬಿಟ್ಟುಹೋಗಿದೆಯೇ ಅಂತ.

ಬಾಗಿಲು ಸರಿಯಿತು, ಜವಾನನ ತಲೆ, ಗೃಹಮಂತ್ರಿಗಳು ಬಂದಿದಾರೆ ಸಾರ್, ಲಿಫ್ಟ್ ನಿಂತಿದೆಯಲ್ಲ, ನಾಲ್ಕು ಮಹಡೀನೂ ಹತ್ಕೊಂಡೇ ಬಂದ್ರು, ಸಿಟ್ಟೆಲ್ಲ ಮೆಟ್ಟಿಲ ಮೇಲೇ ಸುರಿದುಹೋಗಿದೆ, ಈಗ ಮಾತಾಡಿಸಬಹುದು — ಅವನಿಗೆ ನಗು ಬಂತು, ಹದಿನೆಂಟು ದಿನದಲ್ಲಿ ಮೊದಲನೆಯದು ಇರಬೇಕು, ನಕ್ಕರೆ ಪಕ್ಕೆ ನೋಯುತ್ತದೆ, ಒಳಗೆ ಕಳಿಸು ಅಂದ. ಗೃಹಮಂತ್ರಿ ಅಂದರೆ ಬೇರೆ ಯಾರೂ ಅಲ್ಲ, ಹೆಂಡತಿಯ ತಮ್ಮ, ಹದಿನೆಂಟನೇ ವಯಸ್ಸಿಗೆ ಒಂದು ತಗಡಿನ ಪೆಟ್ಟಿಗೆ ಹಿಡಿದುಕೊಂಡು ಅಕ್ಕನ ಮನೆಗೆ ಬಂದವನು, ಸಂಜೆ ಮೆಟ್ಟಿಲ ಮೇಲೆ ಕೂರಿಸಿಕೊಂಡು ಅಜ್ಜಿಯ ಪದ್ಯಗಳನ್ನೆಲ್ಲ ಅವನಿಗೆ ದಾಟಿಸಿದ್ದು ತಾನೇ, ಎಲ್ಲಿ ಎಳೆಯಬೇಕು, ಎಲ್ಲಿ ಬಿಗಿಯಬೇಕು, ಎಲ್ಲಿ ಕೇಳುವವನ ಎದೆ ತಾನಾಗಿ ಹೌದು ಅನ್ನುತ್ತದೆ, ಹೆಂಡತಿ ಒಳಗಿನಿಂದ ಕೂಗುತ್ತಿದ್ದಳು, ನನ್ ತಮ್ಮನ್ನೂ ನಿಮ್ ಥರಾನೇ ಮಾಡ್ಬೇಡ್ರೀ, ಮನೇಗೆ ಒಂದು ಹುಚ್ಚು ಸಾಕು. ಹುಡುಗನಿಗೆ ಬಂಗಾರದ ಗಂಟಲು, ಪದ್ಯ ಕಟ್ಟುವ ಬದಲು ಆದೇಶಗಳನ್ನು ಕಟ್ಟಿದ, ಈ ಸರ್ಕಾರದ ಒಳ್ಳೆಯ ವಾಕ್ಯಗಳೆಲ್ಲ ಅವನವೇ. ಈಗ ಏದುಸಿರು ಬಿಡುತ್ತ ಎದುರಿನ ಕುರ್ಚಿಯಲ್ಲಿ ಕೂತಿದ್ದಾನೆ, ಅರವತ್ತು ದಾಟಿದ ಮೈ, ಮೇಜಿನ ಮೇಲೆ ಕಾಗದವೊಂದು ಸರಿದ ಸದ್ದು, ಭಾವ, ಒಂದು ರುಜು, ಅಷ್ಟೆ. ಏನಿದು. ಚೌಕ ತೆರವು ಮಾಡೋ ಆದೇಶ, ನೀರಿನ ಗಾಡಿ ಬಿಟ್ಟು ಚದುರಿಸೋದು, ಬೆಳಿಗ್ಗೆ ಸಭೇಲಿ ಒಪ್ಪಿದೀವಲ್ಲ, ಸೇನಾಪತಿ ಮಾತ್ರ ಹಟ ಹಿಡಿದಿದಾನೆ, ಪ್ರಧಾನಿ ರುಜು ಇಲ್ದೆ ಒಂದು ಬೂಟೂ ಕದಲಲ್ಲ ಅಂತಾನೆ, ನಾಲ್ಕು ಗಂಟೆಗೆ ಕಾಗದ ಕೈಗೆ ಬರಬೇಕಂತೆ. ಹಾಕದಿದ್ರೆ. ಹಾಕದಿದ್ರೆ ಸಂಜೆಗೆ ನಮ್ಮೋರೇ ನಿಮ್ಮನ್ನ ಇಳಿಸ್ತಾರೆ ಭಾವ, ನನ್ ಕೈಲಿ ತಡೆಯಕ್ಕಾಗಲ್ಲ. ಇಳಿಸ್ಲಿ ಬಿಡೋ, ಸಾಕಾಗಿದೆ. ನಿಮ್ಗೆ ಸಾಕಾಗಿರಬಹುದು, ಆಮೇಲೆ ಬರೋನು ನಿಮ್ಮಷ್ಟು ಮೆತ್ತಗಿರಲ್ಲ, ಅದನ್ನೂ ಯೋಚನೆ ಮಾಡಿ — ಸತ್ಯವೇ ಇರಬಹುದು, ಇವನ ಸತ್ಯ ಸುಳ್ಳು ಎರಡೂ ಒಂದೇ ರಾಗದಲ್ಲಿ ಬರುತ್ತವೆ, ಅದೇ ಕಷ್ಟ, ಬಂಗಾರದ ಗಂಟಲು ತೊಡರುವುದಿಲ್ಲ. ಓದಮ್ಮನ್ನ ಕರಿ, ಅಂದ.

ಹೊರಗೆ ಓದಮ್ಮಾ ಓದಮ್ಮಾ ಎಂದು ಜವಾನ ಕೂಗುತ್ತ ಹೋದ ಹೆಜ್ಜೆ ಸದ್ದು ದೂರವಾಯಿತು, ಆ ಹೆಸರು ಕಚೇರಿ ಇಟ್ಟದ್ದು, ಇಪ್ಪತ್ತೇಳು ವರ್ಷದಿಂದ ಕಾಗದ ಓದುವುದೇ ಆಕೆಯ ಕೆಲಸ, ಆಕೆಯ ದನಿಗೆ ರಾಗವಿಲ್ಲ, ಒಣ ದನಿ, ಮಳಿಗೆಯ ಮೂಟೆ ಎಣಿಸಿದ ಹಾಗೆ ಪದಗಳನ್ನು ಒಂದೊಂದಾಗಿ ಇಳಿಸುತ್ತಾಳೆ, ಭಾರವಿದ್ದದ್ದು ಭಾರ, ಹಗುರವಿದ್ದದ್ದು ಹಗುರ, ಆ ದನಿ ಒಮ್ಮೆ ಮಾತ್ರ ರಜೆ ಹಾಕಿತ್ತು — ಬೇಡ, ಅದು ಬೇಡ, ಎದುರಿಗಿವನು ಕೂತು ಕರವಸ್ತ್ರದಿಂದ ಗಾಳಿ ಬೀಸಿಕೊಳ್ಳುತ್ತಿರುವಾಗ ಅದು ಬೇಡ — ಆದರೂ ಬಂತು, ಹನ್ನೊಂದು ವರ್ಷ ಹಿಂದೆ, ಬಂದರಿನ ಕೂಲಿಗಳು ಹಡಗುಕಟ್ಟೆಯ ಸೇತುವೆಯ ಮೇಲೆ ಅಡ್ಡ ಕೂತಿದ್ದರು, ಓದಮ್ಮನಿಗೆ ಗಂಟಲಲ್ಲಿ ಗಂಟು, ಆಪರೇಷನ್, ಆರು ವಾರ ಮಾತಾಡಕೂಡದು, ಆದೇಶವನ್ನು ಓದಿದವನು ಇವನೇ, ಬರೆದವನೂ ಇವನೇ, ಸೇತುವೆ ತೆರೆಯಲಿ, ದಾರಿಯು ಹರಿಯಲಿ, ನಗರವು ಮತ್ತೆ ಉಸಿರಾಡಲಿ ಎಂದು ಶುರುವಾಗುತ್ತಿತ್ತು, ಆದೇಶಕ್ಕೆ ಅಂಥ ಮೊದಲ ಸಾಲು ಯಾರು ಬರೆಯುತ್ತಾರೆ, ಕೋಣೆಯಲ್ಲಿ ಆ ದನಿ ದೀಪ ಹಚ್ಚಿದ ಹಾಗೆ ತುಂಬಿಕೊಂಡಿತು, ಅವನು ಕಣ್ಣು ಮುಚ್ಚಿಕೊಂಡ, ತಲೆ ತೂಗಿದ, ಬೆರಳು ಮೇಜಿನ ಅಂಚಿನ ಮೇಲೆ ತಾಳ ಹಾಕುತ್ತಿತ್ತು, ಎಲ್ಲೂ ಉಸಿರು ತೊಡರಲಿಲ್ಲ, ಗುಂಪನ್ನು ಚದುರಿಸತಕ್ಕದ್ದು ಎಂಬ ಸಾಲು ಕೂಡ ನೀರಿನ ಮೇಲಿನ ಎಲೆಯ ಹಾಗೆ ಬಂದು ಹೋಯಿತು, ಆಯ್ತು ಅಂದ, ರುಜು ಹಾಕಿದ, ಬಲು ಚೆನ್ನಾಗಿ ಬರೆದಿದೀಯ ಕಣೋ ಅಂತಲೂ ಅಂದ, ಹೌದು, ಹಾಗಂದಿದ್ದ. ಮರುದಿನ ಹದಿನೇಳು ಹೆಣ. ನೀರು ಹಾಯಿಸುವುದು ಅಂತ ಮಂತ್ರಿಗಳ ಸಭೆಯಲ್ಲಿ ಒಪ್ಪಿ ಹೊರಡಿಸಿದ ಆದೇಶ ಗುಂಡಾಗಿ ಹೇಗೆ ಮುಟ್ಟಿತು ಅಂತ ವಿಚಾರಣೆ ನಡೆಯಿತು, ಪೊಲೀಸ್ ಅಧಿಕಾರಿ ತನ್ನ ಬಳಿಯ ಪ್ರತಿ ತೋರಿಸಿದ, ಗುಂಡು ಅಂತ ಬರೆದಿತ್ತು, ದೊಡ್ಡಕಿವಿ ತುಂಬಿದ ಸಭೆಯಲ್ಲಿ ಎದ್ದು ನಿಂತು ಹೇಳಿದ, ಆ ಪದ ನನ್ನ ಕಿವಿಗೆ ಬಿದ್ದಿಲ್ಲ, ಈ ಕಿವಿಗೆ ಬೀಳದ ಪದಕ್ಕೆ ಈ ಕೈ ರುಜು ಹಾಕಿಲ್ಲ, ಇದು ಆಮೇಲೆ ಸೇರಿಸಿದ್ದು. ಸಭೆ ಮೇಜು ಗುದ್ದಿ ಮೆಚ್ಚಿತು. ಅಧಿಕಾರಿಯ ಸೊಂಟದ ಪಟ್ಟಿ ಬಿಚ್ಚಿಸಿ ಮನೆಗೆ ಕಳಿಸಿದರು, ಸುಳ್ಳುಗಾರ ಅನ್ನಿಸಿಕೊಂಡು ಹೋದ, ಹೋಗುವಾಗ ತಿರುಗಿ ನೋಡಿದ್ದ, ಆ ನೋಟ ಏನಂದಿತೋ, ಕಣ್ಣಿನ ಮಾತನ್ನು ಓದುವ ಅಭ್ಯಾಸ ಅವನಿಗೆ ಎಂದೂ ಇರಲಿಲ್ಲ.

ಬಂದೆ ಸಾರ್, ಎಂದಳು ಓದಮ್ಮ, ಆಪರೇಷನ್ ಆದಮೇಲಿನ ಗೊಗ್ಗರು ದನಿ, ಸ್ಟೂಲು ಎಳೆದುಕೊಂಡ ಸದ್ದು, ಮೇಜಿಗೆ ಮರ ತಾಗಿದ ಸಣ್ಣ ಟಕ್, ಅದು ಆಕೆಯ ಅಡಿಪಟ್ಟಿ, ಗೇಣುದ್ದದ ಕಪ್ಪು ಮರದ ಪಟ್ಟಿ, ಅಚ್ಚುಕೂಟದಲ್ಲಿ ಅಕ್ಷರದ ಮೊಳೆ ಜೋಡಿಸುತ್ತಿದ್ದ ಅಪ್ಪ ಕೊಟ್ಟದ್ದಂತೆ, ಓದುವ ಸಾಲಿನ ಕೆಳಗೆ ಇಟ್ಟು ಸಾಲು ಮುಗಿದಂತೆ ಕೆಳಕ್ಕೆ ಸರಿಸುತ್ತಾಳೆ, ಸರಿದಾಗೊಮ್ಮೆ ಕಾಗದ ಸಣ್ಣಗೆ ಸುಯ್ಯೆನ್ನುತ್ತದೆ. ಆ ಪಟ್ಟಿ ಈಗ ಅವನ ಕಣ್ಣೂ ಹೌದು, ಇದು ಆಕೆಯೊಬ್ಬಳಿಗೇ ಗೊತ್ತು, ಎರಡು ವರ್ಷದಿಂದ ಅವನಿಗೆ ಅಕ್ಷರ ಕಾಣುವುದಿಲ್ಲ, ದಿಟ್ಟಿಸಿ ನೋಡಿದರೆ ನೋಡಿದ ಕಡೆಯೇ ಬೆಳ್ಳಗೆ ಒಂದು ಮಚ್ಚೆ, ಸುತ್ತ ಎಲ್ಲ ಇದೆ, ನಡುವೆ ಏನೂ ಇಲ್ಲ, ಎದುರಿಗಿರುವವರ ಕಿವಿ ಕಾಣುತ್ತದೆ, ಭುಜ ಕಾಣುತ್ತದೆ, ಮುಖವಿಲ್ಲ, ಒಂದು ದಿನ ಫೈಲನ್ನು ತಲೆಕೆಳಗಾಗಿ ಹಿಡಿದು ಕೂತಿದ್ದನಂತೆ, ಓದಮ್ಮ ಒಂದೂ ಮಾತಾಡದೆ ತಿರುಗಿಸಿ ಕೊಟ್ಟಳು, ಅಂದಿನಿಂದ ಓದಿ ಮುಗಿಸಿದ ಮೇಲೆ ಪಟ್ಟಿಯನ್ನು ರುಜುವಿನ ಜಾಗದ ಕೆಳಗೆ ಇಟ್ಟು ಕೈ ತೆಗೆಯುತ್ತಾಳೆ, ಅವನು ಎಡಬೆರಳಿನಿಂದ ಅದರ ಅಂಚನ್ನು ಹುಡುಕಿ ಬಲಗೈಯಿಂದ ಅದರ ಮೇಲೆ ಹೆಸರೆಳೆಯುತ್ತಾನೆ, ಮಂತ್ರಿಗಳೆಲ್ಲ ಅಂದುಕೊಂಡಿರುವುದು ಮುದುಕನಿಗೆ ನೆಟ್ಟಗೆ ಬರೆಯುವ ಶೋಕಿ ಅಂತ. ಸರಿ, ಓದಿ, ಅಂದ. ಭಾವಮೈದುನ ಕೆಮ್ಮಿದ, ಗಂಟೆ ಮೂರೂಕಾಲು, ಬೇಗ ಓದಮ್ಮ.

ಆಕೆ ಓದಿದಳು, ತಾರೀಖು, ಸಂಖ್ಯೆ, ವಿಷಯ, ವಿದ್ಯುತ್ತಿಲ್ಲದ್ದಕ್ಕೆ ಹಳೆಯ ಟೈಪ್ ಯಂತ್ರದಲ್ಲಿ ಹೊಡೆಸಿದ್ದಂತೆ ಸಾರ್, ಅಕ್ಷರ ಒತ್ತಾಗಿದೆ, ಮೊದಲನೆಯದು, ಬೇಸರದ ಕಾಲ ಬೇಗನೆ ಸರಿಯಲಿ, ಬೀದಿಗೆ ಮತ್ತೆ ಬೆಳಕು ಬರಲಿ — ಆ ಒಣ ದನಿಯಲ್ಲೂ ಸಾಲು ತೂಗಿತು, ಇವನು ಮುಪ್ಪಾದರೂ ಇವನ ಸಾಲಿಗೆ ಮುಪ್ಪಿಲ್ಲ, ಹೊರಗೆ ಕಿವಿಯಿದ್ದೂ ಕಿವುಡಪ್ಪ, ಒಳಗೆ ಬೀದಿಗೆ ಮತ್ತೆ ಬೆಳಕು ಬರಲಿ, ಎರಡರ ನಡುವೆ ತಲೆ ತೂಕಡಿಸಿತು, ಎಷ್ಟು ಆಯಾಸ, ಹೌದು ಅಂದುಬಿಟ್ಟರೆ ಮುಗಿಯಿತು, ಹಾಸಿಗೆ, ಒದ್ದೆ ಬಟ್ಟೆ ಹಣೆಯ ಮೇಲೆ, ಹೆಂಡತಿ ಸತ್ತು ಆರು ವರ್ಷ, ಅವಳಿದ್ದಿದ್ದರೆ ಮಲಗ್ರೀ ಸಾಕು ಅನ್ನುತ್ತಿದ್ದಳು, ಸೇತುವೆಯ ಸುದ್ದಿ ಬಂದ ದಿನ ಅವಳು ಒಗೆದು ಒಣಗಿದ ಬಟ್ಟೆಗಳನ್ನು ಮಡಿಸುತ್ತಲೇ ಇದ್ದಳು, ಮಡಿಸಿದ್ದನ್ನೇ ಬಿಚ್ಚಿ ಮತ್ತೆ ಮಡಿಸುತ್ತ, ನನ್ ತಮ್ಮ ಚೆನ್ನಾಗಿ ಓದ್ತಾನೆ ಅಲ್ವಾ ಅಂತ ಒಂದೇ ಮಾತು ಕೇಳಿ ಒಳಗೆ ಹೋದಳು — ಎರಡನೆಯದು, ಎನ್ನುತ್ತಿದ್ದಾಳೆ ಓದಮ್ಮ, ದಾಟಿದನರಸನು, ಮೂರನೆಯದು, ದಾಟಿದನು, ಪಟ್ಟಿ ಸುಯ್ ಸುಯ್ ಎಂದು ಇಳಿಯುತ್ತಿದೆ, ನಾಲ್ಕನೆಯದು, ಚೌಕದಲ್ಲಿ ನೆರೆದಿರುವವರನ್ನು. ನಿಂತಿತು. ಪಟ್ಟಿ ಸರಿಯಲಿಲ್ಲ, ದನಿ ಬರಲಿಲ್ಲ, ಫ್ಯಾನು ನಿಂತಾಗ ಆದ ಹಾಗೆಯೇ ಆಯಿತು, ನಿಂತ ಮೇಲೆಯೇ ಗೊತ್ತಾಗುವುದು, ಅವನು ಕಣ್ಣು ಬಿಟ್ಟ, ಬೆಳ್ಳಗಿನ ಮಚ್ಚೆ, ಅದರ ಕೆಳಗೆ ಕಪ್ಪು ಪಟ್ಟಿಯ ತುದಿ. ಯಾಕೆ ಓದಮ್ಮ, ಗಂಟಲಾ. ಗಂಟಲಲ್ಲ ಸಾರ್, ಇಲ್ಲಿ ಜಾಗ ಖಾಲಿ ಬಿಟ್ಟಿದಾರೆ.

ಅಯ್ಯೋ ಅದೇನಿಲ್ಲ ಭಾವ, ಎಂದ ಗೃಹಮಂತ್ರಿ, ಯಾವ ಗಾಡಿ, ಯಾವ ತುಕಡಿ ಅಂತ ಸೇನೆಯೋರು ಆಮೇಲೆ ತುಂಬಿಸ್ಕೋತಾರೆ, ಮಾಮೂಲು. ಬಿಟ್ಟು ಮುಂದೆ ಓದಿ, ಎಂದ ಅವನು ಓದಮ್ಮನಿಗೆ, ದಣಿವು ಅವನ ಬಾಯಿಂದ ಮಾತಾಡಿತು. ಬಿಟ್ಟು ಓದಕ್ಕೆ ಬರಲ್ಲ ಸಾರ್. ಬರಲ್ಲ ಅಂದ್ರೆ. ಖಾಲಿ ಅಂತ ಓದ್ತೀನಿ, ಬೇಕಾದ್ರೆ ಮೂರು ಸಲ ಓದ್ತೀನಿ, ಇಲ್ಲದಂಗೆ ಓದಲ್ಲ, ನೆರೆದಿರುವವರನ್ನು, ಖಾಲಿ, ಬಳಸಿ ತೆರವು ಮಾಡತಕ್ಕದ್ದು, ಹಿಂಗಿದೆ. ಏನು ಬಳಸಿ. ಅದೇ ಖಾಲಿ ಸಾರ್. ಎಷ್ಟು ಒಣಗಿದ ಹೆಂಗಸು, ಇಪ್ಪತ್ತೇಳು ವರ್ಷ ಒಂದು ದಿನವೂ ತನ್ನ ಅಭಿಪ್ರಾಯ ಅಂತ ಒಂದು ಮಾತು ಆಡಿದವಳಲ್ಲ, ಇಲ್ಲ, ಒಮ್ಮೆ, ಆ ಆರು ವಾರ ಮುಗಿಸಿ ಬಂದ ಮೊದಲ ದಿನ, ಕರೆಯದೆಯೇ ಒಳಗೆ ಬಂದು ಸ್ಟೂಲು ಎಳೆದುಕೊಂಡು ಕೂತು, ಇದು ನಿಮ್ಮ ಕಿವಿಗೆ ಬೀಳಬೇಕಾದ ಕಾಗದ ಸಾರ್ ಅಂದು, ಸೇತುವೆಯ ಹದಿನೇಳು ಹೆಸರು ಓದಿದ್ದಳು, ಹೆಸರು, ಕೆಲಸ, ವಯಸ್ಸು, ಹೊಸ ಗೊಗ್ಗರು ದನಿಯಲ್ಲಿ, ಹಮಾಲಿ ನಲವತ್ತೆರಡು, ಕ್ರೇನಿನವನು ಮೂವತ್ತು, ಅಡುಗೆಯವಳು ಐವತ್ತೈದು, ಹತ್ತನೆಯ ಹೆಸರಿನಲ್ಲಿ ಪಟ್ಟಿ ನಿಂತುಬಿಟ್ಟಿತ್ತು, ಎಷ್ಟೋ ಹೊತ್ತು, ಆಮೇಲೆ ಸರಿಯಿತು, ಅವನು ಕೇಳಲಿಲ್ಲ, ತಂಗಿಯೋ ಮಗಳೋ ಯಾರೋ ಆಕೆಯ ರಕ್ತ ಆ ಹೆಸರುಗಳಲ್ಲಿದೆ ಅಂದುಕೊಂಡ, ಹನ್ನೊಂದು ವರ್ಷ ಪ್ರತಿ ದಿನ ಆಕೆಯ ದನಿ ಕೇಳುತ್ತ ಅದೊಂದನ್ನು ಕೇಳಲಿಲ್ಲ, ದೊಡ್ಡಕಿವಿಗೆ ಅಷ್ಟು ಧೈರ್ಯ ಇರಲಿಲ್ಲ. ಈಗ ಕೇಳಿದ, ಯಾಕೆ ಈಗ, ಗೊತ್ತಿಲ್ಲ, ಬಾಯಿಗೆ ಬಂತು, ಓದಮ್ಮ, ಅವತ್ತು ಹತ್ತನೇ ಹೆಸರಲ್ಲಿ ನಿಂತ್ರಲ್ಲ, ಯಾರದು, ನಿಮ್ಮೋರಾ. ಯಾರೂ ಅಲ್ಲ ಸಾರ್, ನಮ್ಮೋರು ಯಾರೂ ಇರಲಿಲ್ಲ ಅದರಲ್ಲಿ. ಮತ್ತೆ. ಆ ಹುಡುಗಿಗೆ ವಯಸ್ಸು ಬರೆದಿರಲಿಲ್ಲ, ಜಾಗ ಖಾಲಿ ಇತ್ತು, ಖಾಲಿ ಅಂತ ಓದಬೇಕೋ ಸುಮ್ನೆ ದಾಟಿ ಹೋಗಬೇಕೋ ತಿಳೀಲಿಲ್ಲ, ದಾಟಿಬಿಟ್ಟೆ, ಮನೇಗೆ ಹೋದ್ಮೇಲೆ ಊಟ ಇಳೀಲಿಲ್ಲ, ಅವತ್ತೇ ಅಂದ್ಕೊಂಡೆ, ಇನ್ನು ದಾಟಲ್ಲ ಅಂತ.

ಭಾವ, ಮೂರೂವರೆ, ಎಂದ ಭಾವಮೈದುನ, ಓದಮ್ಮಂಗೆ ಕಷ್ಟ ಆದ್ರೆ ಬಿಡಲಿ, ನಾನೇ ಓದ್ತೀನಿ, ನೀವು ಹಾಗೇ ಒರಗಿ ಕಣ್ಮುಚ್ಕೊಳ್ಳಿ — ಅವನು ಒರಗುವುದರಲ್ಲಿದ್ದ, ಬೆನ್ನು ಕುರ್ಚಿಯನ್ನು ಹುಡುಕುತ್ತಿತ್ತು, ಬೀದಿಗೆ ಮತ್ತೆ ಬೆಳಕು ಬರಲಿ, ಅಷ್ಟರಲ್ಲಿ ಎಲ್ಲೋ ಬಲು ದೂರದಲ್ಲಿ ಸೂಜಿ ಕೆಳಗಿಟ್ಟ ಸದ್ದು, ನುಂಗಿಬಿಟ್ಯಲ್ಲೋ, ಉಸಿರು ತೊಡರದ ದನಿ, ಗುಂಪನ್ನು ಚದುರಿಸತಕ್ಕದ್ದು, ಗುಂಪನ್ನು, ಚದುರಿಸತಕ್ಕದ್ದು, ಆ ಎರಡು ಪದಗಳ ನಡುವೆ, ಎಷ್ಟು ಚೆನ್ನಾಗಿ ಓದಿದ್ದ, ನಾಲ್ಕರಿಂದ ಆರಕ್ಕೆ, ರಾಗ ಹರಿಯದೆ — ಸೇತುವೆಯ ಆದೇಶದಲ್ಲೂ ಜಾಗ ಬಿಟ್ಟಿದ್ಯಾ, ಎಂದು ಕೇಳಿದ. ಏನು ಭಾವ. ಸೇತುವೆದು, ಗುಂಪನ್ನು ಆದ್ಮೇಲೆ. ಕರವಸ್ತ್ರ ಬೀಸುವುದು ನಿಂತಿತು. ಎಲ್ಲ ಆದೇಶದಲ್ಲೂ ಇರುತ್ತೆ ಭಾವ. ನೀನು ನಿಲ್ಲಲಿಲ್ಲ. ಏನಂತ ಓದಲಿ, ಖಾಲಿ ಅಂತಲಾ. ಹೌದು ಸಾರ್, ಎಂದಳು ಓದಮ್ಮ ಮೆಲ್ಲಗೆ, ಯಾರೂ ಕೇಳದಿದ್ದರೂ, ಖಾಲಿ ಅಂತಲೇ. ಭಾವಮೈದುನನ ದನಿ ಮೊದಲ ಬಾರಿಗೆ ಒಡೆಯಿತು, ನಲವತ್ತು ವರ್ಷದಲ್ಲಿ ಮೊದಲ ಬಾರಿ, ರಾಗವಿಲ್ಲದೆ, ಅಕ್ಕನ ಮನೆಯ ಹೊಸ್ತಿಲಲ್ಲಿ ಪೆಟ್ಟಿಗೆ ಹಿಡಿದು ನಿಂತ ಹುಡುಗನ ದನಿ, ನಿಮಗೆ ಕೇಳಿಸಬಾರದು ಅಂತಲೇ ಬಿಟ್ಟಿದ್ದು ಭಾವ, ನಿಮ್ಮ ಕಿವೀಲಿ ಗುಂಡು ಅನ್ನೋ ಪದ ಬಿದ್ದಿದ್ರೆ ನೀವು ಹಾಕ್ತಿದ್ರಾ, ಸೇತುವೆ ತೆರೀಬೇಕಿತ್ತು, ಹಡಗಿನಲ್ಲಿ ಔಷಧಿ ಕೊಳೀತಿತ್ತು, ಕೊಳೆ ನನ್ ಕೈಗಿರಲಿ, ನೀವು ಚೊಕ್ಕವಾಗಿರಿ ಅಂತ, ಅಕ್ಕನ ಗಂಡ ಅಂತ, ಅಕ್ಕನಾಣೆ. ಅವಳಾಣೆ ಇಡಬೇಡ, ಅಂದ, ಮಡಿಸಿದ್ದನ್ನೇ ಬಿಚ್ಚಿ ಮಡಿಸುತ್ತಿದ್ದ ಕೈಗಳು, ನನ್ ತಮ್ಮ ಚೆನ್ನಾಗಿ ಓದ್ತಾನೆ ಅಲ್ವಾ, ಅವಳಿಗೆ ತಿಳಿದಿತ್ತು, ಅವಳು ಬಿಟ್ಟದ್ದೂ ತನಗೆ ಕೇಳಿಸಲಿಲ್ಲ. ಹಾಗಾದರೆ ಆ ಅಧಿಕಾರಿ, ತುಂಬಿದ ಸಭೆಯಲ್ಲಿ ಸುಳ್ಳುಗಾರ ಅನ್ನಿಸಿಕೊಂಡವನು, ಅವನ ಕೈಗೆ ಬಂದ ಪ್ರತಿಯಲ್ಲಿ ಗುಂಡು ಅಂತಲೇ ಇತ್ತು, ರುಜುವಾದ ಮೇಲೆ ಸೇರಿಸಿದ್ದು ನಿಜ, ಸೇರಿಸಲು ಜಾಗ ಬಿಟ್ಟ ಕಾಗದಕ್ಕೆ ರುಜು ಹಾಕಿದವನು ಯಾರು, ತಲೆದೂಗಿದವನು, ಬಲು ಚೆನ್ನಾಗಿ ಬರೆದಿದೀಯ ಕಣೋ ಅಂದವನು. ಹದಿನೇಳು ಜನವನ್ನು ದಾಟಿಸಿಕೊಂಡು ಹೋದದ್ದು ಗುಂಡಲ್ಲ, ತಾಳ.

ಭಾವ, ಇವತ್ತು ಹಾಗಲ್ಲ, ಇವತ್ತು ನಿಜವಾಗಿ ನೀರೇ, ಎನ್ನುತ್ತಿದ್ದಾನೆ. ಹಾಗಾದ್ರೆ ನೀರು ಅಂತ ಬರಿ. ಬರಿಯೋ, ಎರಡಕ್ಷರ, ಪೆನ್ನು ನಿನ್ ಕೈಯಲ್ಲೇ ಇದೆ. ಸೇನಾಪತಿ ಒಪ್ಪಲ್ಲ ಭಾವ, ಅವನ ಕೈ ಕಟ್ಟಿದ ಹಾಗಾಗುತ್ತೆ, ಖಾಲಿ ಇರಲಿ ಅಂತ ಅವನೇ. ಹೊರಗೆ ಕೂಗು ಒಂದು ಗಳಿಗೆ ನಿಂತಿದೆ, ಯಾರೋ ಮಾತಾಡುತ್ತಿರಬೇಕು, ಒಬ್ಬ ಹೆಂಗಸಿನ ದನಿ, ಪದ ಹಿಡಿಯುವುದಿಲ್ಲ, ಬರೀ ಉಸಿರು ತೆಗೆದುಕೊಳ್ಳುವುದು ಕೇಳಿಸುತ್ತದೆ, ಕೇಳೆಲೊ ಅರಸನೆ, ಎಷ್ಟು ವರ್ಷದಿಂದ ನಿಂತಿದ್ದಾಳೆ, ಅವನು ಕೈ ಚಾಚಿದ, ಎಡಗೈ, ಕಾಗದದ ಅಂಚು, ಒತ್ತಾಗಿ ಹೊಡೆದ ಟೈಪಿನ ಅಕ್ಷರಗಳು ಬೆರಳ ತುದಿಗೆ ಮರಳಿನ ಹಾಗೆ ತರಿತರಿ, ನಾಲ್ಕನೆಯ ಸಾಲು, ಕೆಳಗೆ ಕಪ್ಪು ಪಟ್ಟಿಯ ಅಂಚು ತಗುಲಿತು, ಆಕೆ ಅದನ್ನು ಸರಿಸಿಲ್ಲ, ರುಜುವಿನ ಜಾಗಕ್ಕೆ ಒಯ್ದಿಲ್ಲ, ಅಲ್ಲೇ ಇದೆ, ಅಂಚನ್ನು ಹಿಡಿದು ಬೆರಳು ನಡೆಯಿತು, ತರಿ, ತರಿ, ತರಿ, ಆಮೇಲೆ ನುಣುಪು, ಮೂರು ಬೆರಳಗಲ, ಒಂದು ಪದ ಕಾಲು ಚಾಚಿ ಮಲಗುವಷ್ಟು ಜಾಗ, ತಣ್ಣಗೆ, ಹೊಸ ಬಟ್ಟೆಯ ಹಾಗೆ, ಅಲ್ಲಿಂದಾಚೆ ಮತ್ತೆ ತರಿ. ಅವನು ಬೆರಳನ್ನು ಅಲ್ಲೇ ಊರಿದ. ದಿಟ್ಟಿಸಿ ನೋಡಿದ, ಬೆಳ್ಳಗಿನ ಮಚ್ಚೆ ಅದರ ಮೇಲೆಯೇ ಬಂದು ಕೂತಿತು, ಖಾಲಿಯ ಮೇಲೆ ಖಾಲಿ, ಹತ್ತನೆಯ ಹುಡುಗಿಗೆ ಎಷ್ಟು ವಯಸ್ಸಿದ್ದಿರಬಹುದು, ಯಾರನ್ನು ಕೇಳಬೇಕು, ಬಲಗೈಗೆ ಭಾವಮೈದುನ ಪೆನ್ನು ತುರುಕಿದ್ದಾನೆ, ಮುಚ್ಚಳ ತೆಗೆದ ಪೆನ್ನು, ಮಣಿಕಟ್ಟು ಹಿಡಿದು ಮೆಲ್ಲಗೆ ಕೆಳಕ್ಕೆ ಎಳೆಯುತ್ತಿದ್ದಾನೆ, ಇಲ್ಲಿ ಭಾವ, ಇಲ್ಲಿ, ನಾಲ್ಕಕ್ಕೆ ಹತ್ತು ನಿಮಿಷ, ನಿಮ್ಮ ಕಾಲಿಗೆ ಬೀಳ್ತೀನಿ, ಒಂದು ರುಜು ಹಾಕಿಬಿಡಿ. ಎಡಬೆರಳು ಕದಲಲಿಲ್ಲ. ಕಪ್ಪು ಪಟ್ಟಿ, ಅದರ ಮೇಲೆ ನುಣುಪಾದ ಬಿಳಿ, ಮೂರು ಬೆರಳಗಲ. ಹಾಕಲ್ಲ, ಎಂದ.